ಮೊಣಕೈಗೆ ಗುರುತು ಹಾಕಿದ ಬೆಳಿಗ್ಗೆ

ಮೊದಲ ಸಲ ಬಂದಾಗ ನಾನು ಆಕೆಗೆ ಬರೆದುಕೊಟ್ಟದ್ದು ಒಂದು ಮುಲಾಮು. ಅದನ್ನು ಹೇಳದೆ ಶುರು ಮಾಡಿದರೆ ನಾನು ಭಾರೀ ಜಾಣ ವೈದ್ಯನ ಹಾಗೆ ಕಂಡುಬಿಡುವ ಅಪಾಯವಿದೆ.

ವಾರಕ್ಕೆರಡು ಸಂಜೆ ನಾನು ಅಂಕೋಲೆಯ ಬಸ್ ನಿಲ್ದಾಣದ ಹಿಂದಿನ ಒಂದು ಸಣ್ಣ ಕ್ಲಿನಿಕ್ಕಿನಲ್ಲಿ ಕೂರುತ್ತೇನೆ. ಉಳಿದ ದಿನ ಕಾರವಾರದ ಆಸ್ಪತ್ರೆಯಲ್ಲಿ ಮೂಳೆ, ಕೀಲುಗಳ ಕೆಲಸ. ಹೆದ್ದಾರಿಯಲ್ಲಿ ಬೈಕಿನಿಂದ ಬಿದ್ದವರು, ಬೈತಖೋಲದ ಮೀನು ಬಂದರಿನಲ್ಲಿ ಐಸಿನ ಮೇಲೆ ಜಾರಿ ಸೊಂಟ ಮುರಿದುಕೊಂಡವರು, ಹೀಗೆ. ಆಕೆ ಬಂದದ್ದು ಫೆಬ್ರವರಿಯ ಒಂದು ಸಂಜೆ, ಅಂಕೋಲೆಗೆ. ನಲವತ್ತರ ಆಸುಪಾಸಿನ ಹೆಂಗಸು. ಗೇರುಬೀಜದ ಫ್ಯಾಕ್ಟರಿಯಲ್ಲಿ ಬೀಜ ಒಡೆಯುವ ಕೆಲಸ, ಹದಿನಾರು ವರ್ಷದಿಂದ. ಬಲಗೈಯ ಕಿರುಬೆರಳು ಉರಿಯುತ್ತದೆ ಅಂದರು.

ಗೇರು ಒಡೆಯುವವರ ಕೈಯನ್ನು ನಮ್ಮ ಕಡೆಯವರಿಗೆ ಬಣ್ಣಿಸಿ ಹೇಳಬೇಕಾಗಿಲ್ಲ. ಬೀಜದ ಸಿಪ್ಪೆಯೊಳಗಿನ ಎಣ್ಣೆ ಚರ್ಮವನ್ನು ಸುಡುತ್ತದೆ. ಬೂದಿ ಹಚ್ಚಿಕೊಂಡು, ಹಳೆ ಸೀರೆಯ ಪಟ್ಟಿ ಸುತ್ತಿಕೊಂಡು ಕೂತರೂ ಕೆಲವೇ ವರ್ಷಗಳಲ್ಲಿ ಅಂಗೈ ಕಪ್ಪಾಗಿ, ದಪ್ಪವಾಗಿ, ಅಲ್ಲಲ್ಲಿ ಬಿರುಕು ಬಿಡುತ್ತದೆ. ನಾನು ಅಂಗೈ ನೋಡಿದೆ, ಕಪ್ಪು ಕಂಡಿತು, ಗೇರೆಣ್ಣೆಯ ಉರಿ ಎಂದು ಚೀಟಿಯಲ್ಲಿ ಬರೆದೆ. ಹೊರಗೆ ಬೆಂಚಿನ ತುಂಬ ಜನ ಕೂತಿದ್ದರು ಎನ್ನುವುದು ನಿಜ, ಆದರೆ ಅದು ನೆಪವೂ ಹೌದು.

ಎರಡು ವಾರ ಬಿಟ್ಟು ಆಕೆ ಮತ್ತೆ ಬಂದರು, ಈ ಸಲ ಅತ್ತೆಯ ಜೊತೆ. ನಿಜ ಹೇಳಬೇಕೆಂದರೆ ಅತ್ತೆಯೇ ಸೊಸೆಯನ್ನು ಎಳೆದುಕೊಂಡು ಬಂದಿದ್ದರು. ಕುರ್ಚಿ ತೋರಿಸುವ ಮೊದಲೇ ಕೂತು, ನನ್ನ ಮೇಜಿನ ಮೇಲೆ ಹಳೆಯ ಚೀಟಿಯನ್ನೂ ಮುಲಾಮಿನ ಖಾಲಿ ಟ್ಯೂಬನ್ನೂ ಇಟ್ಟರು.

"ಡಾಕ್ಟ್ರೆ, ಇದು ಖಾಲಿ ಆಯ್ತು. ಕೈ ಹಂಗೇ ಅದೆ. ಆದ್ರೆ ನಾ ಹೇಳುಕೆ ಬಂದದ್ದು ಅದಲ್ಲ. ಇದು ಈಗ ಚಮಚದಲ್ಲಿ ಉಣ್ತದೆ," ಎಂದು ಸೊಸೆಯತ್ತ ಕೈ ತೋರಿಸಿದರು.

"ಅತ್ತೆ, ಸುಮ್ನಿರಿ," ಎಂದರು ಸೊಸೆ.

"ಯಾಕೆ ಸುಮ್ನಿರುದು? ಎಲ್ರದೂ ಊಟ ಆದ್ಮೇಲೆ ಗೋಡೆ ಕಡೆ ಮುಖ ಮಾಡಿ ಕೂತ್ಕಳ್ತದೆ, ದೊಡ್ಡ ಆಫೀಸರ ಹಂಗೆ ಚಮಚ ಹಿಡ್ಕಂಡು. ನವರಾತ್ರಿಗೆ ಹೊಸ್ತು ಬರ್ತದೆ. ಸಾಲಲ್ಲಿ ಕೂತು ಉಣ್ಬೇಕು. ಆಗ್ಲೂ ಚಮಚ ಹಿಡಿತದಾ ಕೇಳಿ ನೀವೇ."

ಹೊಸ್ತು ಎಂದರೆ ಹೊಸ ಅಕ್ಕಿಯ ಊಟ. ಮೊದಲ ಕದಿರು ಮನೆಗೆ ಬಂದ ಮೇಲೆ ಮನೆಯವರೆಲ್ಲ ಒಂದೇ ಸಾಲಿನಲ್ಲಿ ಎಲೆ ಹಾಕಿಕೊಂಡು ಕೂತು, ಹೊಸ ಅನ್ನವನ್ನು ಕೈಯಾರೆ ಉಣ್ಣುವುದು. ನವರಾತ್ರಿಗೆ ಇನ್ನೂ ಏಳು ತಿಂಗಳಿತ್ತು. ಅತ್ತೆ ಆಗಲೇ ಆ ಸಾಲಿನ ಚಿಂತೆ ಮಾಡುತ್ತಿದ್ದರು. ಸೊಸೆ ತಲೆ ತಗ್ಗಿಸಿಕೊಂಡು, ಬಲಗೈಯನ್ನು ಸೆರಗಿನೊಳಗೆ ಇಟ್ಟುಕೊಂಡು ಕೂತಿದ್ದರು.

ಯಾಕೆ ಚಮಚ ಎಂದು ಕೇಳಿದೆ. ಸೊಸೆ ತಲೆ ಎತ್ತದೆಯೇ, "ಅನ್ನ ಬೆರಳ ಸಂದಿಂದ ಬೀಳ್ತದೆ ಡಾಕ್ಟ್ರೆ," ಎಂದರು. "ಕಲಸುಕೆ ಆಗ್ತದೆ, ತುತ್ತು ಮಾಡುಕೆ ಆಗುದಿಲ್ಲ. ಗಂಜಿ ಅಂತೂ ಬಾಯಿಗೆ ಬರುದೇ ಇಲ್ಲ. ಮಕ್ಳು ನೋಡ್ತವೆ ಹೇಳಿ ಆಮೇಲೆ ಉಣ್ತೆ."

ನನಗೆ ನಾಚಿಕೆಯಾಯಿತು. ಗೇರೆಣ್ಣೆ ಚರ್ಮ ಸುಡಬಹುದು, ತುತ್ತು ಕಟ್ಟುವ ಶಕ್ತಿಯನ್ನು ಕಸಿಯುವುದಿಲ್ಲ. ಸೆರಗಿನಿಂದ ಕೈ ಹೊರಗೆ ತೆಗೆಸಿ, ಹದಿನೈದು ದಿನ ಮೊದಲೇ ಮಾಡಬೇಕಿದ್ದ ಪರೀಕ್ಷೆಯನ್ನು ಆಗ ಮಾಡಿದೆ. ಹೆಬ್ಬೆರಳು ತೋರುಬೆರಳಿನ ನಡುವೆ ಕೈಯ ಹಿಂದುಗಡೆ ಉಬ್ಬಿರಬೇಕಾದ ಜಾಗದಲ್ಲಿ ಗುಳಿ ಬಿದ್ದಿತ್ತು. ಉಂಗುರ ಬೆರಳು ಮತ್ತು ಕಿರುಬೆರಳು ಸ್ವಲ್ಪ ಮಡಚಿಕೊಂಡೇ ಇದ್ದವು. ಬೆರಳುಗಳನ್ನು ಅಗಲಿಸಿ ಅಂದರೆ ಅಗಲಲಿಲ್ಲ, ಒಟ್ಟಿಗೆ ಒತ್ತಿ ಅಂದರೆ ಒತ್ತಲಿಲ್ಲ. ಕೊನೆಗೆ ನನ್ನದೇ ಆ ಮುಲಾಮಿನ ಚೀಟಿಯನ್ನು ಆಕೆಯ ಹೆಬ್ಬೆರಳು ಮತ್ತು ತೋರುಬೆರಳಿನ ಬದಿಯ ನಡುವೆ ಇಟ್ಟು, ಬಿಡಬೇಡಿ ಎಂದು ಹೇಳಿ ಎಳೆದೆ. ಹಿಡಿಯಲು ಹೆಬ್ಬೆರಳಿನ ತುದಿಯನ್ನು ಮಡಚಿ ಒದ್ದಾಡಿದರು. ಚೀಟಿ ಆರಾಮಾಗಿ ಹೊರಗೆ ಬಂತು.

ಮೊಣಕೈ ಎಲ್ಲಾದರೂ ತಾಗಿದಾಗ ಕಿರುಬೆರಳಿನವರೆಗೆ ಜುಮ್ಮೆನ್ನುತ್ತದಲ್ಲ, ಆ ನರದ ಹೆಸರು ಅಲ್ನರ್. ಮೊಣಕೈಯ ಹಿಂದಿನಿಂದ ಇಳಿದು, ಮಣಿಕಟ್ಟಿನಲ್ಲಿ ಕಿರುಬೆರಳಿನ ಕಡೆಯ ಒಂದು ಸಣ್ಣ ಸುರಂಗವನ್ನು ದಾಟಿ ಅಂಗೈಗೆ ಬರುತ್ತದೆ. ಬೆರಳುಗಳನ್ನು ಒಟ್ಟುಗೂಡಿಸುವ ಪುಟ್ಟ ಸ್ನಾಯುಗಳೆಲ್ಲ ಅದರ ಹಿಡಿತದಲ್ಲಿವೆ. ನರ ಎಲ್ಲೋ ಒತ್ತಡಕ್ಕೆ ಸಿಕ್ಕಿದೆ ಎನ್ನುವುದು ಖಚಿತವಾಯಿತು. ಎಲ್ಲಿ ಎನ್ನುವುದಷ್ಟೇ ಪ್ರಶ್ನೆ. ಹತ್ತಿಯಿಂದ ಅಂಗೈ ಮುಟ್ಟಿ ನೋಡಿದೆ. ಆ ದಪ್ಪ ಚರ್ಮಕ್ಕೆ ಕಿರುಬೆರಳಿನಲ್ಲಷ್ಟೇ ಅಲ್ಲ, ಯಾವ ಬೆರಳಿನಲ್ಲೂ ಹತ್ತಿ ಸರಿಯಾಗಿ ಗೊತ್ತಾಗಲಿಲ್ಲ. ಗೊಂದಲವಾಗಿ ಅದನ್ನು ಅಲ್ಲಿಗೇ ಬಿಟ್ಟೆ. ಬಿಡಬಾರದಿತ್ತು.

ಬೀಜ ಒಡೆಯುವ ಮಶಿನ್ ಹೇಗೆ ಹಿಡಿಯುತ್ತೀರಿ ಎಂದು ಕೇಳಿದ್ದಕ್ಕೆ ಆಕೆ ನನ್ನ ಮೇಜಿನಂಚನ್ನೇ ಹಿಡಿದು ತೋರಿಸಿದರು. ಎಡಗೈಯಿಂದ ಬೀಜ ಇಡುವುದು, ಕಾಲಿನಿಂದ ಪೆಡಲು ಒತ್ತುವುದು, ಬಲ ಅಂಗೈಯ ಬುಡದಿಂದ ಹಿಡಿಕೆಯನ್ನು ತಳ್ಳುವುದು. ದಿನಕ್ಕೆ ಸಾವಿರಗಟ್ಟಲೆ ಸಲ. ಹಿಡಿಕೆ ಒತ್ತುವ ಜಾಗ ಸರಿಯಾಗಿ ಆ ಸುರಂಗದ ಮೇಲೆಯೇ. ಮಣಿಕಟ್ಟಿನದೇ ತೊಂದರೆ ಎಂದುಕೊಂಡು, ಅದನ್ನು ಅಲ್ಲಾಡದಂತೆ ಹಿಡಿಯಲು ಒಳಗೆ ಲೋಹದ ಪಟ್ಟಿಯಿರುವ ಬಟ್ಟೆಯ ಸ್ಪ್ಲಿಂಟ್ ಒಂದನ್ನು ಕೊಡಿಸಿದೆ. "ಇದನ್ನ ಕಟ್ಕೊಳ್ಳಿ. ಒಂದು ತಿಂಗಳು ಭಾರದ ಕೆಲಸ ಬೇಡ," ಎಂದೆ. ಇಬ್ಬರೂ ತಲೆಯಾಡಿಸಿದರು. ಅವರು ಹೋದ ಮೇಲೆ ನನ್ನ ಬಗ್ಗೆ ನನಗೆ ಸ್ವಲ್ಪ ಹೆಮ್ಮೆಯೂ ಆಯಿತು.

ತಿಂಗಳು ಕಳೆದು ನೋಡಿದಾಗ ಕೈ ಇನ್ನೂ ಕೆಟ್ಟಿತ್ತು. ಗುಳಿ ಆಳವಾಗಿತ್ತು, ಬೆರಳುಗಳು ಇನ್ನಷ್ಟು ಮಡಚಿದ್ದವು. ಪಟ್ಟಿ ಕಟ್ಟಿದಿರಾ ಎಂದೆ. ಒಂದು ದಿನವೂ ಬಿಡಲಿಲ್ಲ ಎಂದರು. ಭಾರದ ಕೆಲಸ? ಮಾಡಲಿಲ್ಲ. ನಾನು ಪೇಚಿಗೆ ಬಿದ್ದೆ. ಮಣಿಕಟ್ಟಿಗೆ ಪೂರ್ತಿ ವಿಶ್ರಾಂತಿ ಕೊಟ್ಟೂ ಹದಗೆಟ್ಟಿದೆಯೆಂದರೆ ತೊಂದರೆ ಮಣಿಕಟ್ಟಿನಲ್ಲಿ ಇರಲಾರದು. ಹಾಗಾದರೆ ಮೊಣಕೈ. ಲೆಕ್ಕ ಸರಿಯಾಗಿಯೇ ಇತ್ತು. ಲೆಕ್ಕಕ್ಕೆ ಹಾಕಿದ ಸಂಗತಿಯೇ ಸುಳ್ಳು ಎಂದು ಆಗ ಗೊತ್ತಿರಲಿಲ್ಲ.

ನರದ ವೇಗ ಅಳೆಯುವ ಪರೀಕ್ಷೆಗೆ ಹುಬ್ಬಳ್ಳಿಗೆ ಕಳಿಸಿದೆ. ಅತ್ತೆ ಸೊಸೆ ಇಬ್ಬರೂ ಬಾಳೆಗುಳಿ ಕ್ರಾಸಿನಲ್ಲಿ ಬೆಳಗಿನ ಬಸ್ಸು ಹಿಡಿದು ಹೋಗಿ ಸಂಜೆಗೆ ವರದಿ ತಂದರು. ನರದಲ್ಲಿ ತಡೆ ಇದೆ, ಕಿರುಬೆರಳಿನ ಚರ್ಮ ದಪ್ಪವಿರುವುದರಿಂದ ಅಲ್ಲಿಂದ ಸಂಕೇತ ಸಿಗಲಿಲ್ಲ, ಜಾಗ ಖಚಿತವಿಲ್ಲ, ಮೊಣಕೈ ಇರಬಹುದು ಎಂದು ಬರೆದಿತ್ತು. "ಇರಬಹುದು" ಎನ್ನುವ ಪದವನ್ನು ನಾನು ಓದಿದೆನಾದರೂ ಓದಿದ ಹಾಗೆ ನಡೆದುಕೊಳ್ಳಲಿಲ್ಲ. ಸ್ನಾಯು ಸೊರಗುತ್ತಿತ್ತು. ತಡಮಾಡಿದರೆ ಆ ಕೈ ಹಾಗೆಯೇ ಉಳಿದುಬಿಡುವ ಭಯ. ಏಪ್ರಿಲ್ ಎರಡನೆಯ ವಾರ ಕಾರವಾರದ ಆಸ್ಪತ್ರೆಯಲ್ಲಿ ಮೊಣಕೈಯ ಶಸ್ತ್ರಚಿಕಿತ್ಸೆ ಎಂದು ದಿನ ಗೊತ್ತು ಮಾಡಿದೆ.

ಆ ಬೆಳಿಗ್ಗೆ ಏಳೂವರೆಗೆ ವಾರ್ಡಿಗೆ ಹೋದೆ. ಆಕೆ ಹಸಿರು ಗೌನು ತೊಟ್ಟು ಮಂಚದ ಮೇಲೆ ಕೂತಿದ್ದರು. ಒಪ್ಪಿಗೆ ಪತ್ರಕ್ಕೆ ಸಹಿ ಆಗಿತ್ತು. ಪೆನ್ನು ತೆಗೆದು ಬಲ ಮೊಣಕೈಯ ಹಿಂದೆ ಕೊಯ್ಯಬೇಕಾದ ಗೆರೆಯನ್ನು ಎಳೆದೆ. ಆಕೆ ಕತ್ತು ಹೊರಳಿಸಿ ಗೆರೆ ನೋಡಿದರು. "ನೋವು ಅಲ್ಲಿ ಇಲ್ವಲ ಡಾಕ್ಟ್ರೆ," ಎಂದರು ಮೆಲ್ಲಗೆ. ನರ ಒಂದು ಕಡೆ ಒತ್ತಿದರೆ ನೋವು ಇನ್ನೊಂದು ಕಡೆ ಬರುತ್ತದೆ ಎಂದು ಪಾಠ ಹೇಳಿದೆ. ಆಕೆ ತಲೆಯಾಡಿಸಿದರು.

ಅಷ್ಟರಲ್ಲಿ ಅತ್ತೆ ಕೈಚೀಲದಿಂದ ಸ್ಪ್ಲಿಂಟ್ ತೆಗೆದು ನನ್ನ ಮುಂದೆ ಹಿಡಿದರು. "ಇದ್ನ ಆಪರೇಶನ್ ಆದ್ಮೇಲೆ ಮತ್ತೆ ಕಟ್ಟುದಾ? ಬೇಕಾಗ್ತದೆ ಹೇಳಿ ತೊಳ್ದು ತಂದೆ."

ಸುಮ್ಮನೆ ಕೈಗೆ ತೆಗೆದುಕೊಂಡೆ. ಹೊರಗಿನ ಬಟ್ಟೆಯನ್ನು ತಿಕ್ಕಿ ತಿಕ್ಕಿ ತೊಳೆದಿದ್ದರು. ಆದರೆ ಹೊಲಿಗೆಗಳೊಳಗೆಲ್ಲ ಕಪ್ಪು ಕೂತಿತ್ತು. ಅಂಗೈಯ ಬುಡಕ್ಕೆ ಬರುವ ಜಾಗದಲ್ಲಿ ಬಟ್ಟೆ ಸವೆದು ತೂತಾಗಿ, ಒಳಗಿನ ಲೋಹದ ಪಟ್ಟಿಯ ಅಂಚು ಇಣುಕುತ್ತಿತ್ತು. ಒಂದು ತಿಂಗಳು ಮನೆಯಲ್ಲಿ ಸುಮ್ಮನೆ ಕೂತ ಕೈಯ ಸ್ಪ್ಲಿಂಟ್ ಹಾಗೆ ಸವೆಯುವುದಿಲ್ಲ.

"ಇದು ಇಷ್ಟು ಕಪ್ಪು ಹೇಗಾಯ್ತು?"

"ಗೇರೆಣ್ಣೆ ಅಲ್ವಾ ಡಾಕ್ಟ್ರೆ, ಎಷ್ಟ್ ತಿಕ್ಕಿದ್ರೂ ಹೋಗುದಿಲ್ಲ," ಎಂದರು ಸೊಸೆ.

"ಫ್ಯಾಕ್ಟರಿಗೆ ಹೋಗಿದ್ರಾ?"

"ದಿನಾ ಕಟ್ಕಂಡೇ ಹೋಗಿದ್ದೆ. ಒಂದಿನನೂ ತಪ್ಸಲಿಲ್ಲ. ಜಾರ್ಬಾರ್ದು ಹೇಳಿ ಮೇಲಿಂದ ಬಟ್ಟೆನೂ ಬಿಗಿದು ಕಟ್ತಿದ್ದೆ. ಮನೆಗೆ ಬಂದ್ಕೂಡ್ಲೆ ಬಿಚ್ಚಿ, ತೊಳ್ದು, ಮೊಳೆಗೆ ನೇತಾಕ್ತಿದ್ದೆ."

"ಭಾರದ ಕೆಲಸ ಬೇಡ ಅಂದಿದ್ದೆನಲ್ಲ."

ಇದಕ್ಕೆ ಉತ್ತರ ಕೊಟ್ಟದ್ದು ಅತ್ತೆ. "ಭಾರದ್ದು ಒಂದೂ ಮಾಡ್ಲಿಲ್ಲ ಅದು. ಬಾವಿ ನೀರು ಇಡೀ ತಿಂಗ್ಳು ನಾನೇ ಹೊತ್ತಿದ್ದೆ. ಸೊಪ್ಪಿನ ಹೊರೆನೂ ನಾನೇ ತಂದದ್ದು. ಫ್ಯಾಕ್ಟರಿದು ಕೂತ್ಕಂಡು ಮಾಡು ಕೆಲ್ಸ, ಅದ್ರಲ್ಲಿ ಭಾರ ಎಂಥದು?"

ನಾನು ಮಂಚದ ತುದಿಯಲ್ಲಿ ಕೂತುಬಿಟ್ಟೆ. ಗೇರು ಒಡೆಯುವವರು ಕೈಗೆ ಬಟ್ಟೆ ಸುತ್ತುವುದು ಮಶಿನ್ ಮುಂದೆ ಕೂರುವಾಗ. ಬಿಚ್ಚುವುದು ಏಳುವಾಗ. ಕೈಗೆ ಕಟ್ಟುವ ಯಾವುದೇ ವಸ್ತು ಇರುವುದೇ ಕೆಲಸಕ್ಕೆ. ಹದಿನಾರು ವರ್ಷ ಹಾಗೆ ಮಾಡಿದವರಿಗೆ ನಾನು ಕಟ್ಟಿಕೊಳ್ಳಿ ಎಂದೆ, ಯಾವಾಗ ಎಂದು ಹೇಳಲಿಲ್ಲ. ಅವರು ನನ್ನ ಮಾತನ್ನು ಚಾಚೂ ತಪ್ಪದೆ ಪಾಲಿಸಿದ್ದರು. ಅರವತ್ತೈದು ದಾಟಿದ ಅತ್ತೆ, ಸೊಸೆಯ ಚಮಚದ ಬಗ್ಗೆ ಊರಿಗೆಲ್ಲ ಕೇಳುವ ಹಾಗೆ ದೂರಿದ ಅತ್ತೆ, ತಿಂಗಳಿಡೀ ನೀರು ಹೊತ್ತಿದ್ದರು. ನಾನು ಕೊಡಿಸಿದ ಲೋಹದ ಪಟ್ಟಿ ದಿನವಿಡೀ ಹಿಡಿಕೆಯ ಒತ್ತಡದಲ್ಲಿ ನರದ ಮೇಲೆಯೇ ಒತ್ತುತ್ತಿತ್ತು.

ಬೇಸರ, ಸಿಟ್ಟು ಎರಡೂ ಬಂದವು. ಸಿಟ್ಟು ನನ್ನ ಮೇಲೆಯೇ. ಅದರ ಬೆನ್ನಿಗೇ ಇನ್ನೊಂದು ಯೋಚನೆ ಬಂತು. ಮಣಿಕಟ್ಟನ್ನು ಒತ್ತಿದ್ದಕ್ಕೆ ಕೈ ಕೆಟ್ಟಿತು. ರೋಗ ಮೊಣಕೈಯಲ್ಲಿದ್ದರೆ ಮಣಿಕಟ್ಟನ್ನು ಒತ್ತಿದ್ದರಿಂದ ಇಷ್ಟು ಕೆಡುತ್ತಿರಲಿಲ್ಲ. ನಾನು ಮಣಿಕಟ್ಟನ್ನು ಲೆಕ್ಕದಿಂದ ಕೈಬಿಟ್ಟದ್ದೇ ವಿಶ್ರಾಂತಿ ಫಲ ಕೊಡಲಿಲ್ಲ ಎಂದು. ವಿಶ್ರಾಂತಿಯೇ ಸಿಕ್ಕಿರಲಿಲ್ಲ.

ಸಿಸ್ಟರ್ ಹತ್ತಿರ ಹತ್ತಿ ಕೇಳಿದೆ. ಸೊಸೆಗೆ ಕಣ್ಣು ಮುಚ್ಚಲು ಹೇಳಿ, ಈ ಸಲ ಅಂಗೈ ಬಿಟ್ಟು ಕೈಯ ಹಿಂಭಾಗವನ್ನು, ಕಿರುಬೆರಳಿನ ಕಡೆಯಿಂದ, ಮುಟ್ಟಿದೆ. ಗೇರೆಣ್ಣೆ ಅಷ್ಟಾಗಿ ತಾಗದ ಚರ್ಮ ಅದು, ಮೆತ್ತಗಿತ್ತು. "ಈಗ... ಈಗ... ಈಗ," ಎಂದು ಪ್ರತಿ ಸಲವೂ ಸರಿಯಾಗಿ ಹೇಳಿದರು. ಹಿಂಗೈಗೆ ಹೋಗುವ ಕವಲು ಮಣಿಕಟ್ಟಿಗಿಂತ ಮೇಲೆಯೇ ಒಡೆದುಕೊಳ್ಳುತ್ತದೆ. ಮೊಣಕೈಯಲ್ಲಿ ನರ ಒತ್ತಿಕೊಂಡಿದ್ದರೆ ಅಲ್ಲಿಯೂ ಮರಗಟ್ಟಿರಬೇಕಿತ್ತು. ಕಿರುಬೆರಳಿನ ತುದಿಯನ್ನು ಮಡಚಿ ನನ್ನ ಬೆರಳನ್ನು ಎಳೆಯಲು ಹೇಳಿದೆ. ಗಟ್ಟಿಯಾಗಿ ಎಳೆದರು. ಆ ಸ್ನಾಯುವಿಗೂ ನರ ಮೇಲಿನಿಂದಲೇ ಬರುತ್ತದೆ. ಎರಡೂ ವಿದ್ಯಾರ್ಥಿಗಳಿಗೆ ನಾನೇ ಕಲಿಸುವ ಪರೀಕ್ಷೆಗಳು. ಎರಡು ನಿಮಿಷ ಸಾಕು.

ಆದರೂ ನಿರ್ಧಾರ ಸುಲಭವಿರಲಿಲ್ಲ. ಥಿಯೇಟರ್ ಸಿದ್ಧವಾಗಿತ್ತು, ಅರಿವಳಿಕೆ ತಜ್ಞರು ಕಾಯುತ್ತಿದ್ದರು, ಕೈಯಲ್ಲಿ ಮೊಣಕೈ ಎನ್ನುವ ವರದಿ ಇತ್ತು. ಗೊತ್ತು ಮಾಡಿದ ಹಾಗೆ ಮೊಣಕೈ ಕೊಯ್ದಿದ್ದರೆ ಯಾರೂ ನನ್ನನ್ನು ಕೇಳುತ್ತಿರಲಿಲ್ಲ. ಆರು ತಿಂಗಳು ಬಿಟ್ಟು, ನರ ಚೇತರಿಸಿಕೊಳ್ಳಲಿಲ್ಲ ಎಂದು ಹೇಳಿದರೆ ಮುಗಿಯುತ್ತಿತ್ತು. ಸಾಬೂನು ತರಿಸಿ ಆ ಪೆನ್ನಿನ ಗೆರೆಯನ್ನು ನಾನೇ ಒರೆಸಿದೆ. ಇವತ್ತು ಆಪರೇಶನ್ ಇಲ್ಲ ಎಂದೆ.

"ರಾತ್ರಿಯಿಂದ ಒಂದು ಗುಟುಕು ನೀರು ಕುಡಿಲಿಲ್ಲ ಅದು," ಎಂದರು ಅತ್ತೆ. ದನಿಯಲ್ಲಿ ಸಿಟ್ಟಿತ್ತು, ಇರಬೇಕಾದದ್ದೇ. ತಪ್ಪು ನನ್ನದು, ಹೇಳುವ ಹಾಗೆ ಹೇಳಲಿಲ್ಲ, ಮುಟ್ಟುವ ಕಡೆ ಮುಟ್ಟಿ ನೋಡಲಿಲ್ಲ ಎಂದೆ. ಅತ್ತೆ ನನ್ನನ್ನು ಒಂದು ಗಳಿಗೆ ನೋಡಿ, "ಹಂಗಾರೆ ಮೊದ್ಲು ಅದಕ್ಕೆ ಚಾ ಕೊಡ್ಸಿ," ಎಂದರು. ಕೊಡಿಸಿದೆ. ಅವರಿಗೂ ಕೊಡಿಸಿದೆ.

ಅದೇ ದಿನ ಮಧ್ಯಾಹ್ನ ಮಣಿಕಟ್ಟಿನ ಸ್ಕ್ಯಾನ್ ಮಾಡಿಸಿದೆ. ಪರದೆಯ ಮೇಲೆ, ಸುರಂಗದೊಳಗೆ, ನರದ ಕೆಳಗೆ ಒತ್ತಿಕೊಂಡು, ಕಡಲೆಕಾಳಿನಷ್ಟು ದೊಡ್ಡ ಒಂದು ನೀರುಗಂಟು. ಒಳಗೆ ಗಂಟು, ಹೊರಗೆ ಹಿಡಿಕೆ, ನಡುವೆ ನರ. ಸ್ಕ್ಯಾನ್ ಮಾಡುತ್ತಿದ್ದ ಡಾಕ್ಟರು ಅಳತೆ ತೆಗೆಯುತ್ತಿದ್ದರು. ನನಗೆ ಅಳತೆ ಬೇಕಿರಲಿಲ್ಲ.

ಮೂರನೆಯ ದಿನ ಮಣಿಕಟ್ಟಿನ ಶಸ್ತ್ರಚಿಕಿತ್ಸೆ. ತೋಳಿಗಷ್ಟೇ ಅರಿವಳಿಕೆ, ಆಕೆಗೆ ಎಚ್ಚರವಿತ್ತು. ಮೇಲ್ತೋಳಿಗೆ ಪಟ್ಟಿ ಬಿಗಿದು ರಕ್ತ ನಿಲ್ಲಿಸಿ, ಅಂಗೈಯ ಬುಡದಿಂದ ಮಣಿಕಟ್ಟಿನ ಮೇಲಕ್ಕೆ ಅಂಕುಡೊಂಕಾಗಿ ಕೊಯ್ದೆ. ಆ ಚರ್ಮಕ್ಕೆ ಎರಡು ಬ್ಲೇಡು ಬೇಕಾದವು. ಮೊದಲು ಮಣಿಕಟ್ಟಿನ ಮೇಲೆ, ಆರೋಗ್ಯವಾಗಿರುವ ಕಡೆ ನರವನ್ನೂ ಪಕ್ಕದ ರಕ್ತನಾಳವನ್ನೂ ಗುರುತಿಸಿಕೊಂಡು, ಅಲ್ಲಿಂದ ಕೆಳಗೆ ಸುರಂಗದ ಚಾವಣಿಯನ್ನು ಸ್ವಲ್ಪ ಸ್ವಲ್ಪವೇ ಬಿಡಿಸುತ್ತ ಹೋದೆ. ಸ್ನಾಯುಗಳಿಗೆ ಹೋಗುವ ಕವಲು ಒಂದು ಮೂಳೆಯ ಕೊಕ್ಕೆಯನ್ನು ಸುತ್ತಿಕೊಂಡು ಆಳಕ್ಕೆ ಇಳಿಯುತ್ತದೆ. ಗಂಟು ಕೂತದ್ದು ಸರಿಯಾಗಿ ಆ ತಿರುವಿನಲ್ಲಿ. ಕವಲು ಅದರ ಮೇಲೆ ಒದ್ದೆ ದಾರದ ಹಾಗೆ ಚಪ್ಪಟೆಯಾಗಿ ಅಂಟಿತ್ತು. ಅದನ್ನು ಬಿಡಿಸಿಕೊಳ್ಳಲು ನಲವತ್ತು ನಿಮಿಷ ಹಿಡಿಯಿತು. ನನ್ನ ಬೆನ್ನು ಬೆವರಿ ಗೌನು ಅಂಟಿಕೊಂಡಿತ್ತು. ಗಂಟನ್ನು ಅದರ ಬುಡ ಸಮೇತ ಕೀಲಿನವರೆಗೆ ಹಿಂಬಾಲಿಸಿ ತೆಗೆದೆ. ಬುಡ ಉಳಿದರೆ ಮತ್ತೆ ಬರುವ ಸಾಧ್ಯತೆ ಇರುತ್ತದೆ. ಕೊನೆಗೆ ತೋಳಿನ ಪಟ್ಟಿ ಸಡಿಲಿಸಿ, ರಕ್ತನಾಳ ಮಿಡಿಯುವುದನ್ನು ನೋಡಿ ಹೊಲಿಗೆ ಹಾಕಿದೆ.

ಪರದೆಯ ಆಚೆಯಿಂದ ಆಕೆ ಕೇಳಿದರು, "ಸಿಕ್ತಾ ಡಾಕ್ಟ್ರೆ?"

"ಸಿಕ್ತು," ಎಂದೆ.

ಉರಿ ವಾರದೊಳಗೇ ಹೋಯಿತು. ಶಕ್ತಿ ಬರಲಿಲ್ಲ. ಸೊರಗಿದ ಸ್ನಾಯುವಿಗೆ ನರ ಮತ್ತೆ ತಲುಪಲು ತಿಂಗಳುಗಳೇ ಬೇಕು ಎಂದು ನನಗೆ ಗೊತ್ತಿತ್ತು, ಆದರೂ ಮೇ ತಿಂಗಳಲ್ಲಿ ಚೀಟಿ ಜಾರಿದಾಗ ಅಧೀರನಾದೆ. ಜೂನಿನಲ್ಲೂ ಜಾರಿತು. ಈ ಸಲ ಸ್ಪ್ಲಿಂಟ್ ಕೊಡಲಿಲ್ಲ. ಏನೇನು ಮಾಡಬಾರದು ಎನ್ನುವುದನ್ನು ಒಂದೊಂದಾಗಿ ಹೇಳಿದೆ, ಹೇಳಿದ್ದನ್ನು ಅವರ ಬಾಯಲ್ಲಿ ಮತ್ತೆ ಹೇಳಿಸಿದೆ. ಫ್ಯಾಕ್ಟರಿಯ ಮೇಸ್ತ್ರಿಗೆ ಕಾಗದ ಬರೆದುಕೊಟ್ಟೆ. ಅವರು ಒಳ್ಳೆಯವರು, ಆಕೆಯನ್ನು ಹಿಡಿಕೆಯಿಂದ ಎಬ್ಬಿಸಿ ಬೀಜ ಆರಿಸುವ ಮೇಜಿಗೆ ಕೂರಿಸಿದರು. ಫಿಸಿಯೋಥೆರಪಿಯ ಹುಡುಗಿ ಮೇಜಿಗೆ ಪೌಡರು ಚೆಲ್ಲಿ ಅದರ ಮೇಲೆ ಬೆರಳು ಅಗಲಿಸುವ ಅಭ್ಯಾಸ ಹೇಳಿಕೊಟ್ಟಳು. ಮನೆಯಲ್ಲಿ ಪೌಡರಿನ ಬದಲು ಅಕ್ಕಿಹಿಟ್ಟು ಚೆಲ್ಲಿಕೊಳ್ಳುತ್ತಿದ್ದರಂತೆ. "ಹಿಟ್ಟು ದಂಡ ಮಾಡ್ತದೆ," ಎಂದು ಅತ್ತೆ ದೂರಿದರು, ಆಮೇಲೆ ಆ ಹಿಟ್ಟಿನಲ್ಲೇ ರೊಟ್ಟಿ ತಟ್ಟುತ್ತಾರೆ ಎಂದೂ ಗೊತ್ತಾಯಿತು.

ಆಗಸ್ಟಿನಲ್ಲಿ ಒಂದು ಸಂಜೆ ಕಡತದಿಂದ ಆ ಹಳೆಯ ಮುಲಾಮಿನ ಚೀಟಿಯನ್ನೇ ತೆಗೆದು ಹಿಡಿಯಲು ಕೊಟ್ಟೆ. ಎಳೆದೆ. ಒಂದು ಕ್ಷಣ ತಡೆಯಿತು, ಆಮೇಲೆ ಬಂತು. ಆ ಒಂದು ಕ್ಷಣ ಇಬ್ಬರಿಗೂ ಗೊತ್ತಾಯಿತು. ಸೆಪ್ಟೆಂಬರಿನಲ್ಲಿ ಎಳೆದಾಗ ಚೀಟಿ ಹರಿಯಿತು. ಅರ್ಧ ನನ್ನ ಕೈಯಲ್ಲಿ, ಅರ್ಧ ಆಕೆಯ ಕೈಯಲ್ಲಿ. ಆಕೆ ಗಾಬರಿಯಾಗಿ, "ತಪ್ಪಾಯ್ತಾ ಡಾಕ್ಟ್ರೆ?" ಎಂದರು. ಇಲ್ಲ, ನನಗೆ ಬೇಕಾದದ್ದು ಇದೇ ಎಂದೆ.

ನವರಾತ್ರಿಗೆ ಹೊಸ್ತಿನ ಊಟಕ್ಕೆ ಕರೆಯಲು ಅತ್ತೆಯೇ ಕ್ಲಿನಿಕ್ಕಿಗೆ ಬಂದರು. ಹೋದೆ. ಜಗುಲಿಯಲ್ಲಿ ಸಾಲಾಗಿ ಬಾಳೆಲೆ. ನನಗೆ ತುದಿಯಲ್ಲಿ ಎಲೆ ಹಾಕಿದ್ದರು, ಸೊಸೆಗೆ ಸಾಲಿನ ನಡುವೆ, ಮಕ್ಕಳ ಪಕ್ಕ. ಹೊಸ ಅಕ್ಕಿಯ ಅನ್ನ ಹೊಗೆಯಾಡುತ್ತಿತ್ತು. ಅತ್ತೆ ಒಂದು ಸ್ಟೀಲಿನ ಚಮಚದಲ್ಲಿ ಉಪ್ಪಿನಕಾಯಿ ಬಡಿಸುತ್ತ ನನ್ನ ಎಲೆಯ ಹತ್ತಿರ ಬಂದು, "ಇದೇ ಚಮಚ," ಎಂದು ಮುಂದೆ ಹೋದರು.

ಆಕೆ ಅನ್ನಕ್ಕೆ ಸಾರು ಕಲಸಿದರು. ಕಿರುಬೆರಳು ಇನ್ನೂ ತುಸು ಮಡಚಿಕೊಂಡೇ ಇತ್ತು. ಉಳಿದ ಬೆರಳುಗಳು ಕೂಡಿದವು, ಅನ್ನ ಒಟ್ಟಾಯಿತು, ಹೆಬ್ಬೆರಳು ಹಿಂದಿನಿಂದ ತಳ್ಳಿತು. ತುತ್ತು ಎಲೆಯಿಂದ ಬಾಯಿಯವರೆಗೆ ಹೋಯಿತು, ಒಂದು ಅಗುಳೂ ಬೀಳಲಿಲ್ಲ. ಎರಡನೆಯ ತುತ್ತು. ಪಕ್ಕದಲ್ಲಿದ್ದ ಮಕ್ಕಳು ತಾಯಿಯ ಕಡೆ ನೋಡಲೂ ಇಲ್ಲ, ಅವರಿಗೆ ಪಾಯಸದ್ದೇ ಧ್ಯಾನ. ಮೂರನೆಯದಕ್ಕೆ ಬೆರಳುಗಳು ಸೇರುವುದನ್ನು ನಾನು ಉಸಿರು ಹಿಡಿದು ನೋಡುತ್ತಿದ್ದೆ. ನನ್ನ ಎಲೆಯ ಮೇಲೆ ಅನ್ನ ಆರುತ್ತಿತ್ತು. ಮೇಲಿನಿಂದ ಅತ್ತೆಯ ದನಿ ಬಂತು.

"ಡಾಕ್ಟ್ರೆ, ಅದು ಉಣ್ತದೆ. ನೀವು ಉಣ್ಣಿ."